ಹುಟ್ಟಿದ್ದು ಶಿಬೆನಿಕ್‌ನಲ್ಲಿ, ಪದಕ ಯುಗೊಸ್ಲಾವಿಯಾ ಹೆಸರಲ್ಲಿ

ಪ್ರಶ್ನೆ: ನನ್ನ ಮಗಳು ಎಂಟನೇ ಕ್ಲಾಸು. ಶಾಲೆಯ ಬ್ಯಾಸ್ಕೆಟ್‌ಬಾಲ್ ತಂಡದಲ್ಲಿ ಆಡುತ್ತಾಳೆ. ಹಳೆಯ ಆಟಗಾರ್ತಿಯೊಬ್ಬರ ಬಗ್ಗೆ ಚಾರ್ಟ್ ಮಾಡಿಕೊಂಡು ಬರಲು ಹೇಳಿದ್ದಾರಂತೆ. ಕ್ರೊವೇಷ್ಯಾದ ಡನಿರಾ ನಾಕಿಚ್ ಅವರನ್ನು ಆರಿಸಿಕೊಂಡಿದ್ದಾಳೆ. ಆದರೆ ಎಲ್ಲಿ ನೋಡಿದರೂ ಅವರ ಪದಕಗಳ ಮುಂದೆ ಯುಗೊಸ್ಲಾವಿಯಾ ಅಂತಿದೆ. 1992ರ ಒಲಿಂಪಿಕ್ಸ್‌ನಲ್ಲಿ ಕ್ರೊವೇಷ್ಯಾದ ಗಂಡಸರ ತಂಡ ಬೆಳ್ಳಿ ಗೆದ್ದಿದೆ. ಹೆಂಗಸರ ತಂಡದ ಸುದ್ದಿಯೇ ಇಲ್ಲ. ಅಂಥ ಆಟಗಾರ್ತಿಯರಿದ್ದೂ ಹೀಗ್ಯಾಕೆ? ಚಾರ್ಟ್‌ನಲ್ಲಿ ಯಾವ ದೇಶ ಅಂತ ಬರೆಯಬೇಕು?

ಉತ್ತರ: ಮೊದಲು ನಿಮ್ಮ ಮಗಳಿಗೆ ಭೇಷ್ ಅನ್ನಬೇಕು. ಬ್ಯಾಸ್ಕೆಟ್‌ಬಾಲ್ ಚಾರ್ಟ್ ಅಂದರೆ ಸಾಮಾನ್ಯವಾಗಿ ಮಕ್ಕಳು ಮೈಕೆಲ್ ಜೋರ್ಡನ್ ಫೋಟೋ ಅಂಟಿಸಿ ಕೈ ತೊಳೆದುಕೊಳ್ಳುತ್ತಾರೆ. ಈ ಹುಡುಗಿ ಎಲ್ಲಿಂದ ನಾಕಿಚ್ ಹೆಸರು ಹುಡುಕಿದಳೋ!

ದೇಶದ ಹೆಸರಿನ ವಿಷಯ ಸುಲಭ. ಅದನ್ನು ಮೊದಲು ಮುಗಿಸೋಣ. ಪದಕ ಯಾವ ತಂಡಕ್ಕೆ ಆಡಿ ಗೆದ್ದದ್ದೋ ಆ ತಂಡದ ಲೆಕ್ಕಕ್ಕೇ ಸೇರುತ್ತದೆ. ಆಮೇಲೆ ದೇಶ ಒಡೆದರೂ, ಹೆಸರು ಬದಲಾದರೂ ಲೆಕ್ಕ ಬದಲಾಗುವುದಿಲ್ಲ. ನಮ್ಮ ಕಡೆಯದೇ ಉದಾಹರಣೆ ಇದೆ. ಅಲಿ ದಾರಾ ಎಂಬ ಹಾಕಿ ಆಟಗಾರ 1936ರ ಬರ್ಲಿನ್‌ನಲ್ಲಿ ಧ್ಯಾನ್‌ಚಂದ್ ಜೊತೆ ಆಡಿ ಭಾರತಕ್ಕೆ ಚಿನ್ನ ಗೆದ್ದರು. 1948ರ ಲಂಡನ್ ಒಲಿಂಪಿಕ್ಸ್‌ನಲ್ಲಿ ಅವರೇ ಪಾಕಿಸ್ತಾನ ತಂಡದ ನಾಯಕ. ಬರ್ಲಿನ್‌ನ ಚಿನ್ನ ಮಾತ್ರ ಇವತ್ತಿಗೂ ಭಾರತದ ಪಟ್ಟಿಯಲ್ಲೇ ಇದೆ. ನಾಕಿಚ್ ಕಥೆಯೂ ಹಾಗೇ. ಅವರು ಒಲಿಂಪಿಕ್ ಬೆಳ್ಳಿ ಗೆದ್ದ 1988ರಲ್ಲಿ ಕ್ರೊವೇಷ್ಯಾ ಬೇರೆ ದೇಶ ಆಗಿರಲಿಲ್ಲ. ಯುಗೊಸ್ಲಾವಿಯಾದ ಆರು ಗಣರಾಜ್ಯಗಳಲ್ಲಿ ಒಂದಾಗಿತ್ತು, ಅಷ್ಟೇ.

ನಿಮ್ಮ ಇನ್ನೊಂದು ಪ್ರಶ್ನೆ, ಗಂಡಸರಿಗೆ ಸಿಕ್ಕಿದ್ದು ಹೆಂಗಸರಿಗೆ ಯಾಕೆ ಸಿಗಲಿಲ್ಲ ಅನ್ನುವುದು, ಅಷ್ಟು ಸುಲಭದ್ದಲ್ಲ. ಅದಕ್ಕೆ ಅವರ ಊರಿಂದಲೇ ಶುರು ಮಾಡಬೇಕು.

ಶಿಬೆನಿಕ್ ಅನ್ನುವುದು ಆಡ್ರಿಯಾಟಿಕ್ ಸಮುದ್ರದ ದಡದ ಸಣ್ಣ ಊರು. ಕ್ರ್ಕಾ ನದಿ ಸಮುದ್ರ ಸೇರುವ ಜಾಗ. ಕಲ್ಲಿನ ಮೆಟ್ಟಿಲು, ಕಲ್ಲಿನ ಮನೆ, ಹಳೆಯ ದೊಡ್ಡ ಚರ್ಚು. ಆ ಊರಿಗೆ ಬ್ಯಾಸ್ಕೆಟ್‌ಬಾಲ್ ಹುಚ್ಚು. ಹೆಸರಾಂತ ಬ್ಯಾಸ್ಕೆಟ್‌ಬಾಲ್ ಆಟಗಾರ ಡ್ರಾಜೆನ್ ಪೆಟ್ರೊವಿಚ್ ಹುಟ್ಟಿದ್ದು ಅಲ್ಲೇ, 1964ರಲ್ಲಿ. 1983ರಲ್ಲಿ ಅಲ್ಲಿನ ಗಂಡಸರ ತಂಡ ಶಿಬೆಂಕಾ, ಸರಯೇವೊದ ಬೊಸ್ನಾ ತಂಡದ ಎದುರು ಯುಗೊಸ್ಲಾವಿಯಾ ಲೀಗ್ ಫೈನಲ್ ಆಡಿತು. ಕೊನೆ ಗಳಿಗೆಯಲ್ಲಿ ಫೌಲ್ ಆಯಿತು ಅಂತ ರೆಫರಿ ಸೀಟಿ ಊದಿದರು. ಹದಿನೆಂಟು ವರ್ಷದ ಪೆಟ್ರೊವಿಚ್ ಎರಡು ಫ್ರೀ ಥ್ರೋ ಹಾಕಿದ. 83-82. ಊರಿಗೆ ಊರೇ ಕುಣಿಯಿತು. ಮಾರನೇ ದಿನ ಫೆಡರೇಷನ್‌ನವರು ರೆಫರಿಯ ತೀರ್ಮಾನ ತಪ್ಪು ಅಂತ ಪಂದ್ಯವನ್ನೇ ರದ್ದು ಮಾಡಿದರು. ಮತ್ತೆ ಆಡಿ ಅಂದರು. ಶಿಬೆನಿಕ್‌ನವರು ಆಡಲ್ಲ ಅಂದರು. ಪಟ್ಟ ಬೊಸ್ನಾ ಪಾಲಾಯಿತು. ಆ ಊರಿನಲ್ಲಿ ಇವತ್ತಿಗೂ ಈ ಮಾತು ತೆಗೆದರೆ ಒಂದು ಗಂಟೆ ಹೋಯಿತು ಅಂತಲೇ ತಿಳಿಯಿರಿ.

ನಾಕಿಚ್ ಹುಟ್ಟಿದ್ದು 1969ರಲ್ಲಿ. ಅಂದರೆ ಆ ಗಲಾಟೆಯ ಹೊತ್ತಿಗೆ ಹದಿಮೂರು ಹದಿನಾಲ್ಕು ವರ್ಷ, ಸುಮಾರು ನಿಮ್ಮ ಮಗಳ ವಯಸ್ಸು. ಊರಿನ ಹೆಂಗಸರ ತಂಡಕ್ಕೆ ಎಲೆಮೆಸ್ ಅಂತ ಹೆಸರಿತ್ತು. ಗಂಡಸರಿಂದ ಕಿತ್ತುಕೊಂಡ ಯುಗೊಸ್ಲಾವಿಯಾ ಲೀಗ್ ಪಟ್ಟವನ್ನು 1991ರಲ್ಲಿ ಊರಿಗೆ ತಂದದ್ದು ಈ ಹೆಂಗಸರೇ. ಆ ಹಳೆಯ, ಒಡೆಯದ ದೇಶದ ಹೆಂಗಸರ ಲೀಗ್ ನಡೆದದ್ದು ಅದೇ ಕೊನೆ. ಪೆಟ್ರೊವಿಚ್ ಕಥೆ ಹೇಳುವವರು ಸಾವಿರ ಜನ ಸಿಗುತ್ತಾರೆ. ಈ ಕಥೆ ಹೇಳುವವರು ಕಡಿಮೆ. ಅದಕ್ಕೇ ಸ್ವಲ್ಪ ಎಳೆದು ಹೇಳಿದೆ.

ಈಗ ದಕ್ಷಿಣ ಕೊರಿಯಾದ ಸೋಲ್ ನಗರದ ಒಲಿಂಪಿಕ್ಸ್‌ಗೆ ಬರೋಣ. 1988ರ ಸೆಪ್ಟೆಂಬರ್. ನಾಕಿಚ್‌ಗೆ ಹತ್ತೊಂಬತ್ತು. ಯುಗೊಸ್ಲಾವಿಯಾ ತಂಡದ ಹನ್ನೆರಡು ಜನರ ಹೆಸರು ಓದಿದರೆ ಒಂದು ಭೂಪಟವನ್ನೇ ಓದಿದ ಹಾಗಾಗುತ್ತದೆ. ಬೋಸ್ನಿಯಾದ ರಾಜಿಯಾ ಮುಯಾನೊವಿಚ್, ಎರಡು ಮೀಟರ್‌ಗೂ ಜಾಸ್ತಿ ಎತ್ತರ. ಸ್ಲೊವೇನಿಯಾದ ಪೊಲೊನಾ ಡೊರ್ನಿಕ್. ಮೆಸಿಡೋನಿಯಾದ ಸ್ಟೊಯ್ನಾ ವಾಂಗೆಲೊವ್‌ಸ್ಕಾ. ಕ್ರೊವೇಷ್ಯಾ ಕಡೆಯಿಂದ ನಾಕಿಚ್, ಝಾನಾ ಲೆಲಾಸ್. ಜೊತೆಗೆ ಬೆಲ್‌ಗ್ರೇಡ್ ಕ್ಲಬ್‌ಗಳ ಹುಡುಗಿಯರು. ಕೋಚ್ ಮಿಲಾನ್ ವಾಸೊಯೆವಿಚ್.

ಗುಂಪು ಹಂತದಲ್ಲಿ ಅಮೆರಿಕ ಇವರನ್ನು 101-74ರಿಂದ ಹೊಡೆದು ಹಾಕಿತು. ಇಪ್ಪತ್ತೇಳು ಅಂಕದ ಸೋಲು. ಇಂಥ ಸೋಲಿನ ಮೇಲೆ ಬಹಳಷ್ಟು ತಂಡ ತಲೆ ಎತ್ತುವುದಿಲ್ಲ. ಇವರು ಎತ್ತಿದರು. ಸೆಮಿಫೈನಲ್‌ನಲ್ಲಿ ಆಸ್ಟ್ರೇಲಿಯಾವನ್ನು 57-56ರಿಂದ ಸೋಲಿಸಿದರು. ಬರೀ ಒಂದು ಅಂಕ! (ಆಸ್ಟ್ರೇಲಿಯಾದ ಹೆಂಗಸರಿಗೆ ಈ ಒಂದು ಅಂಕದ ಕಾಟ ನಮ್ಮ ಬೆಂಗಳೂರಿನಲ್ಲೂ ತಪ್ಪಲಿಲ್ಲ. 2017ರ ಏಷ್ಯಾ ಕಪ್ ಇಲ್ಲೇ ಕಂಠೀರವದಲ್ಲಿ ನಡೆದಾಗ ಫೈನಲ್‌ನಲ್ಲಿ ಜಪಾನ್ ಅವರನ್ನು 74-73ರಿಂದ ಸೋಲಿಸಿತು.) ಸೋಲ್ ಫೈನಲ್‌ನಲ್ಲಿ ಮತ್ತೆ ಅದೇ ಅಮೆರಿಕ ಎದುರಾಯಿತು. ಈ ಸಲ 77-70. ಸೋತರು, ಆದರೆ ಇಪ್ಪತ್ತೇಳರ ಅಂತರ ಏಳಕ್ಕೆ ಇಳಿದಿತ್ತು. ಅಮೆರಿಕದ ಕಡೆ ತೆರೇಸಾ ಎಡ್ವರ್ಡ್ಸ್, ಸಿಂಥಿಯಾ ಕೂಪರ್‌ರಂಥ ದೊಡ್ಡ ಆಟಗಾರ್ತಿಯರು ಇದ್ದರು ಅನ್ನುವುದನ್ನು ಮರೆಯಬೇಡಿ. ನನ್ನ ಮಟ್ಟಿಗೆ ಆ ಬೆಳ್ಳಿ, ಎಷ್ಟೋ ಚಿನ್ನಕ್ಕಿಂತ ತೂಕದ್ದು.

ಅದೇ ಒಲಿಂಪಿಕ್ಸ್‌ನಲ್ಲಿ ಗಂಡಸರ ತಂಡವೂ ಫೈನಲ್‌ನಲ್ಲಿ ಸೋವಿಯತ್ ಒಕ್ಕೂಟಕ್ಕೆ ಸೋತು ಬೆಳ್ಳಿ ಪಡೆಯಿತು. ಅದರಲ್ಲಿ ಪೆಟ್ರೊವಿಚ್ ಇದ್ದ. ಶಿಬೆನಿಕ್‌ನಂಥ ಊರಿಗೆ ಒಂದೇ ಕೂಟದಿಂದ ಎರಡು ಬೆಳ್ಳಿ ಪದಕ ಬಂತು ನೋಡಿ.

57-56 ಅನ್ನುವ ಸ್ಕೋರ್ ನೋಡಿ ನಿಮ್ಮ ಮಗಳು ಇದೇನು ಇಷ್ಟು ಕಡಿಮೆ ಅನ್ನಬಹುದು. ಆಗಿನ ಆಟವೇ ಬೇರೆ. ಈಗ ಚೆಂಡು ಕೈಗೆ ಬಂದ ಮೇಲೆ 24 ಸೆಕೆಂಡಿನೊಳಗೆ ಬುಟ್ಟಿಗೆ ಎಸೆಯಬೇಕು. ಆಗ 30 ಸೆಕೆಂಡ್ ಇತ್ತು. ಹತ್ತು ಹತ್ತು ನಿಮಿಷದ ನಾಲ್ಕು ಭಾಗ ಅಲ್ಲ, ಇಪ್ಪತ್ತು ನಿಮಿಷದ ಎರಡು ಭಾಗ. ಮೂರು ಅಂಕದ ಗೆರೆ ಒಲಿಂಪಿಕ್ಸ್‌ಗೆ ಬಂದದ್ದೇ ಆ ವರ್ಷ.

ಇನ್ನೊಂದು ವಿಷಯ ಇದೆ. ಅದನ್ನು ಚಾರ್ಟ್‌ನಲ್ಲಿ ಖಂಡಿತ ಹಾಕಲು ಹೇಳಿ. ಸೋಲ್‌ನಲ್ಲಿ ಹೆಂಗಸರು ಆಡಿದ್ದು ಗಂಡಸರ ಚೆಂಡಿನಲ್ಲೇ. ಈಗ ನಿಮ್ಮ ಮಗಳು ಆಡುವುದು ಆರನೇ ಸೈಜಿನ ಚೆಂಡು. ಅಂತರರಾಷ್ಟ್ರೀಯ ಪಂದ್ಯಗಳಲ್ಲಿ ಹೆಂಗಸರಿಗೆ ಈ ಚೆಂಡು ಬಂದದ್ದು 2004ರಲ್ಲಿ. ಅಲ್ಲಿಯವರೆಗೆ ಏಳನೇ ಸೈಜು. ಸುತ್ತಳತೆಯಲ್ಲಿ ಎರಡು ಮೂರು ಸೆಂಟಿಮೀಟರ್ ತಾನೇ ಅನ್ನಿಸಬಹುದು. ನಾನು ಹುಡುಗಿಯರಿಗೆ ಕೋಚಿಂಗ್ ಮಾಡುತ್ತಿದ್ದಾಗ ಒಮ್ಮೆ ಬೇಕಂತಲೇ ಹುಡುಗರ ಚೆಂಡು ಕೊಟ್ಟೆ. ಮೊದಲ ಐದು ನಿಮಿಷ ನಗು. ಆಮೇಲೆ ಒಬ್ಬೊಬ್ಬಳೇ ಮಣಿಕಟ್ಟು ಹಿಡಿದುಕೊಂಡು ಉಸಿರು ಬಿಡತೊಡಗಿದರು. ಮೂರರ ಗೆರೆಯಿಂದ ಎಸೆದ ಚೆಂಡು ರಿಂಗಿಗೆ ಒಂದಡಿ ಹಿಂದೆಯೇ ಬೀಳುತ್ತಿತ್ತು. ಒಂದೇ ಕೈಯಲ್ಲಿ ಪಾಸ್ ಮಾಡಲು ಹೋದರೆ ಬೆರಳಿಂದ ಜಾರುತ್ತಿತ್ತು. ನಾಕಿಚ್ ಮತ್ತು ಅವರ ಜೊತೆಯವರು ಅಂಥ ಚೆಂಡಿನಲ್ಲಿ ಆಡಿ ಅಮೆರಿಕವನ್ನು ಏಳು ಅಂಕದ ಹತ್ತಿರಕ್ಕೆ ತಂದು ನಿಲ್ಲಿಸಿದರು.

ಸೋಲ್ ಆದ ಮೇಲೆ ಆ ತಂಡ ಇನ್ನೂ ಗಟ್ಟಿಯಾಯಿತು. 1989ರಲ್ಲಿ ಬೋಸ್ನಿಯಾದ ತುಜ್ಲಾ ಊರಿನ ಕ್ಲಬ್ಬು ಮುಯಾನೊವಿಚ್ ಬಲದಿಂದ ಯುರೋಪಿಯನ್ ಕಪ್ ಗೆದ್ದಿತು. 1990ರಲ್ಲಿ ಮಲೇಷ್ಯಾದಲ್ಲಿ ವಿಶ್ವ ಚಾಂಪಿಯನ್‌ಷಿಪ್. ಅಲ್ಲೂ ಫೈನಲ್, ಅಲ್ಲೂ ಅಮೆರಿಕ. 88-78. ಇನ್ನೊಂದು ಬೆಳ್ಳಿ. 1991ರ ಜೂನ್‌ನಲ್ಲಿ ಇಸ್ರೇಲ್‌ನ ಟೆಲ್ ಅವೀವ್‌ನಲ್ಲಿ ಯುರೋಪಿಯನ್ ಚಾಂಪಿಯನ್‌ಷಿಪ್. ಫೈನಲ್‌ನಲ್ಲಿ ಸೋವಿಯತ್ ಒಕ್ಕೂಟಕ್ಕೆ ಸೋತು ಮತ್ತೂ ಒಂದು ಬೆಳ್ಳಿ.

ಇಲ್ಲಿ ಕ್ಯಾಲೆಂಡರ್ ಸ್ವಲ್ಪ ಹತ್ತಿರದಿಂದ ನೋಡಿ. ಟೆಲ್ ಅವೀವ್ ಫೈನಲ್ ಜೂನ್ 17ಕ್ಕೆ ಮುಗಿಯಿತು. ಜೂನ್ 25ಕ್ಕೆ ಕ್ರೊವೇಷ್ಯಾ, ಸ್ಲೊವೇನಿಯಾ ಎರಡೂ ನಾವು ಬೇರೆ ದೇಶ ಅಂತ ಘೋಷಿಸಿದವು. ಅದೇ ವಾರ ರೋಮ್‌ನಲ್ಲಿ ಗಂಡಸರ ಯುರೋಪಿಯನ್ ಚಾಂಪಿಯನ್‌ಷಿಪ್ ನಡೆಯುತ್ತಿತ್ತು. ಸ್ಲೊವೇನಿಯಾದ ಯೂರೆ ಝ್ಡೊವ್ಟ್ಸ್ ಎಂಬ ಆಟಗಾರನಿಗೆ ಅವನ ಸರ್ಕಾರದಿಂದ ಆಡಬೇಡ ಅಂತ ಕರೆ ಬಂತು. ಸೆಮಿಫೈನಲ್‌ಗೆ ಮುಂಚೆ ಆತ ತಂಡ ಬಿಟ್ಟು ಹೊರಟ. ಹೆಂಗಸರ ತಂಡ ಒಂದು ವಾರದ ಅಂತರದಲ್ಲಿ ಆ ಸಂಕಟದಿಂದ ಪಾರಾಯಿತು. ಡೊರ್ನಿಕ್, ಮುಯಾನೊವಿಚ್, ನಾಕಿಚ್ ಮೂರೂ ಕಡೆಯವರು ಒಟ್ಟಿಗೆ ಒಂದೇ ಜರ್ಸಿ ಹಾಕಿ ಆಡಿದ ಕೊನೆಯ ದೊಡ್ಡ ಕೂಟ ಅದು.

ಮೂರು ತಿಂಗಳಲ್ಲಿ ಯುದ್ಧ ಶಿಬೆನಿಕ್ ಬಾಗಿಲಿಗೆ ಬಂತು. ಸೆಪ್ಟೆಂಬರ್ 16ರಿಂದ 22ರವರೆಗೆ ಊರಿನ ಮೇಲೆ ದಾಳಿ ಆಯಿತು. ಸಂತ ಯಾಕೋಬನ ಚರ್ಚಿನ ಗುಮ್ಮಟಕ್ಕೂ ಶೆಲ್ ಬಿತ್ತು. ನೂರು ವರ್ಷ ಹಿಡಿದು ಬರೀ ಕಲ್ಲಿನಲ್ಲಿ ಕಟ್ಟಿದ ಚರ್ಚು ಅದು. ಆಮೇಲೆ ರಿಪೇರಿ ಮಾಡಿದರು. 2000ದಲ್ಲಿ ಯುನೆಸ್ಕೊ ಅದನ್ನು ವಿಶ್ವ ಪರಂಪರೆ ಪಟ್ಟಿಗೆ ಸೇರಿಸಿತು.

ಈಗ ನಿಮ್ಮ ಮುಖ್ಯ ಪ್ರಶ್ನೆ. 1992ರ ಬಾರ್ಸಿಲೋನಾದಲ್ಲಿ ಕ್ರೊವೇಷ್ಯಾದ ಗಂಡಸರು ಫೈನಲ್‌ವರೆಗೆ ಹೋದರು. ಡ್ರೀಮ್ ಟೀಮ್ ಅಂತ ಹೆಸರಾದ, ವೃತ್ತಿಪರ ತಾರೆಯರ ಅಮೆರಿಕ ತಂಡದ ಎದುರು 117-85ರಿಂದ ಸೋತರೂ ಬೆಳ್ಳಿ ಬಂತು. ಹೆಂಗಸರು ಅಲ್ಲಿಗೆ ಹೋಗಲೇ ಇಲ್ಲ. ಯಾಕೆ?

ಗಂಡಸರ ತಂಡದ ಬೆನ್ನೆಲುಬು ಒಡೆದ ಮೇಲೂ ಒಂದೇ ಕಡೆ ಉಳಿಯಿತು. ಪೆಟ್ರೊವಿಚ್, ಟೋನಿ ಕುಕೊಚ್, ಡಿನೊ ರಾಜಾ, ವ್ರಾಂಕೊವಿಚ್ ನಾಲ್ವರೂ ಕ್ರೊವೇಷ್ಯಾದವರೇ. ಹೆಂಗಸರ ತಂಡ ಹಾಗಿರಲಿಲ್ಲ. ಬುಟ್ಟಿಯ ಕೆಳಗಿನ ಎತ್ತರ ಬೋಸ್ನಿಯಾಕ್ಕೆ, ಸ್ಲೊವೇನಿಯಾಕ್ಕೆ ಹೋಯಿತು. ಹೊರಗಿಂದ ಶೂಟ್ ಮಾಡುವವರಲ್ಲಿ ಕೆಲವರು ಕ್ರೊವೇಷ್ಯಾಕ್ಕೆ, ಕೆಲವರು ಸೆರ್ಬಿಯಾಕ್ಕೆ. ನಿಮ್ಮ ಮಗಳನ್ನೇ ಕೇಳಿ, ಹೇಳುತ್ತಾಳೆ. ಒಳಗೆ ಎತ್ತರದವಳು ಒಬ್ಬಳಿದ್ದರೆ ಅವಳನ್ನು ತಡೆಯಲು ಎದುರಾಳಿಗಳು ಇಬ್ಬರು ಬರುತ್ತಾರೆ. ಅವಳು ಚೆಂಡನ್ನು ಹೊರಗೆ ಕೊಟ್ಟರೆ ಅಲ್ಲಿ ಯಾರೋ ಒಬ್ಬಳು ಖಾಲಿ ನಿಂತಿರುತ್ತಾಳೆ, ಆರಾಮಾಗಿ ಶೂಟ್ ಮಾಡುತ್ತಾಳೆ. ಒಳಗಿನವಳು ಇಲ್ಲದೆ ಹೊರಗಿನವಳಿಗೆ ಜಾಗ ಸಿಗುವುದಿಲ್ಲ. ಹೊರಗಿನವಳು ಇಲ್ಲದಿದ್ದರೆ ಒಳಗಿನವಳ ಮೇಲೆ ಮೂವರು ಬಂದು ಬೀಳುತ್ತಾರೆ. ಆ ತಂಡ ಒಡೆದಾಗ ಎರಡು ಕಡೆಗೂ ಅರ್ಧರ್ಧವೇ ಸಿಕ್ಕಿತು.

ಜನಸಂಖ್ಯೆಯನ್ನೂ ನೋಡಿ. 1991ರ ಜನಗಣತಿಯಲ್ಲಿ ಇಡೀ ಕ್ರೊವೇಷ್ಯಾದ ಜನ ಸುಮಾರು 48 ಲಕ್ಷ. ಅದೇ ವರ್ಷ ನಮ್ಮ ಬೆಂಗಳೂರು ಒಂದರಲ್ಲೇ 41 ಲಕ್ಷ ಇತ್ತು. ಒಂದು ಊರಿನಷ್ಟು ಜನರಲ್ಲಿ ಹನ್ನೆರಡು ಒಲಿಂಪಿಕ್ ಆಟಗಾರ್ತಿಯರನ್ನು ಹುಡುಕಬೇಕು. ಅದೂ ಯುದ್ಧದ ನಡುವೆ.

ಇದರ ಮೇಲೆ ಸೀಟಿನ ಲೆಕ್ಕ ಬೇರೆ. ಬಾರ್ಸಿಲೋನಾದಲ್ಲಿ ಗಂಡಸರಿಗೆ 12 ತಂಡಗಳ ಜಾಗ, ಹೆಂಗಸರಿಗೆ 8 ಮಾತ್ರ. ಹೆಂಗಸರಿಗೂ 12 ಆದದ್ದು 1996ರಲ್ಲಿ. ಇದನ್ನು ಯಾರೂ ದೊಡ್ಡದಾಗಿ ಹೇಳುವುದಿಲ್ಲ. ನನಗೆ ಮಾತ್ರ ಇದೇ ಜಾಸ್ತಿ ಸಿಟ್ಟು ತರಿಸುತ್ತದೆ. ಸೆರ್ಬಿಯಾ ಕಡೆ ಉಳಿದವರ ಪಾಡು ಇನ್ನೂ ಕಷ್ಟ. 1992ರಲ್ಲಿ ವಿಶ್ವಸಂಸ್ಥೆಯ ನಿರ್ಬಂಧ ಬಿದ್ದು ಆ ದೇಶದ ತಂಡಗಳಿಗೆ ಒಲಿಂಪಿಕ್ಸ್ ಬಾಗಿಲೇ ಮುಚ್ಚಿತು.

ಇನ್ನೊಂದು ಒಡೆದ ದೇಶದ ಕಥೆ ಇದರ ಪಕ್ಕದಲ್ಲಿಟ್ಟು ನೋಡಿ. ಸೋವಿಯತ್ ಒಕ್ಕೂಟ 1991ರ ಡಿಸೆಂಬರ್‌ನಲ್ಲಿ ಮುಗಿದುಹೋಯಿತು. ಆದರೂ ಅದರ ಆಟಗಾರ್ತಿಯರು ಬಾರ್ಸಿಲೋನಾಕ್ಕೆ ಒಟ್ಟು ತಂಡ ಅಂತ ಒಂದೇ ಹೆಸರಿನಲ್ಲಿ ಬಂದರು. ದೇಶ ಇಲ್ಲ, ತಂಡ ಇದೆ. ಫೈನಲ್‌ನಲ್ಲಿ ಚೀನಾವನ್ನು ಸೋಲಿಸಿ ಚಿನ್ನವನ್ನೂ ಗೆದ್ದರು. ಹಿಂದಿನ ವರ್ಷ ಟೆಲ್ ಅವೀವ್‌ನಲ್ಲಿ ಇದೇ ಸೋವಿಯತ್ ತಂಡದ ಎದುರು ಫೈನಲ್ ಆಡಿದ್ದು ಯುಗೊಸ್ಲಾವಿಯಾ. ಅವರಿಗೆ ಒಟ್ಟಿಗೆ ಇನ್ನೊಂದು ಬೇಸಿಗೆ ಸಿಕ್ಕಿತು. ಇವರಿಗೆ ಸಿಗಲಿಲ್ಲ. ಆಗ ನಾಕಿಚ್‌ಗೆ ಇಪ್ಪತ್ತಮೂರು ವರ್ಷ.

ಆ ಹೊತ್ತಿನ ಕ್ರೊವೇಷ್ಯಾದ ಇನ್ನೊಬ್ಬ ಹುಡುಗಿಯ ಬಗ್ಗೆ ಹೇಳದಿದ್ದರೆ ಕಥೆ ಅರ್ಧವೇ. ಕೋರಿ ಹ್ಲೆಡೆ, 1975ರಲ್ಲಿ ಝಾಗ್ರೆಬ್‌ನಲ್ಲಿ ಹುಟ್ಟಿದವರು. ಯುದ್ಧ ಶುರುವಾದಾಗ ಹದಿನಾರು. ಯುಗೊಸ್ಲಾವಿಯಾದ ಆ ದೊಡ್ಡ ತಂಡಕ್ಕೆ ಆಡುವ ವಯಸ್ಸು ಬರುವಷ್ಟರಲ್ಲಿ ತಂಡವೇ ಇರಲಿಲ್ಲ. ಅವರು ಅಮೆರಿಕದ ಪಿಟ್ಸ್‌ಬರ್ಗ್‌ನ ಡುಕೇನ್ ಯೂನಿವರ್ಸಿಟಿಗೆ ಓದಲು ಹೋದರು. ನಾಲ್ಕು ವರ್ಷದಲ್ಲಿ 2,600ಕ್ಕೂ ಜಾಸ್ತಿ ಅಂಕ ಹಾಕಿದರು. ಅಲ್ಲಿನ ಕಾಲೇಜು ಆಟದಲ್ಲಿ ಹೆಂಗಸರಿಗೆ ಸಣ್ಣ ಚೆಂಡು ಎಂಬತ್ತರ ದಶಕದಲ್ಲೇ ಬಂದಿತ್ತು. ದೊಡ್ಡ ಚೆಂಡಿನಲ್ಲಿ ಪಳಗಿದ ಕೈಗೆ ಅದು ಹೇಗಿದ್ದೀತು ಅಂತ ನಾನು ಎಷ್ಟೋ ಸಲ ಯೋಚಿಸಿದ್ದೇನೆ.

1998ರಲ್ಲಿ ಅಮೆರಿಕದ ಹೆಂಗಸರ ವೃತ್ತಿಪರ ಲೀಗ್ ಡಬ್ಲ್ಯುಎನ್‌ಬಿಎ ಹೊಸ ಆಟಗಾರ್ತಿಯರನ್ನು ಆರಿಸಿತು. ಮೊದಲನೆಯವರು ಪೋಲೆಂಡ್‌ನ ಮಾರ್ಗೊ ಡಿಡೆಕ್. ಎರಡನೆಯವರು ಪೋರ್ಚುಗಲ್‌ನ ಟಿಚಾ ಪೆನಿಶೇರೊ. ನಾಲ್ಕನೆಯವರು ನಮ್ಮ ಹ್ಲೆಡೆ. ಮೊದಲ ನಾಲ್ವರಲ್ಲಿ ಮೂವರು ಯುರೋಪಿನವರು! ಹ್ಲೆಡೆ ಸೇರಿದ್ದು ಡೆಟ್ರಾಯಿಟ್ ಶಾಕ್ ತಂಡವನ್ನು. ಅದು ಆ ತಂಡದ ಮೊದಲ ವರ್ಷ. ಅದೇ ವರ್ಷ ಅದೇ ತಂಡಕ್ಕೆ ಇನ್ನೊಬ್ಬರು ಬಂದಿದ್ದರು. ಮೂವತ್ತು ದಾಟಿದ್ದ, ಎರಡು ಮೀಟರ್‌ಗೂ ಎತ್ತರದ, ಬೋಸ್ನಿಯಾದ ರಾಜಿಯಾ ಮುಯಾನೊವಿಚ್. ಹೌದು, ಸೋಲ್‌ನಲ್ಲಿ ನಾಕಿಚ್ ಜೊತೆ ಆಡಿದವರೇ. ಊರಲ್ಲಿ ಗಡಿ ಬಿದ್ದು ಬೇರೆಯಾದ ಒಳಗಿನವಳು ಮತ್ತು ಹೊರಗಿನವಳು ಒಂದೇ ಜರ್ಸಿ ಹಾಕಲು ಅಮೆರಿಕದ ಕಾರು ಫ್ಯಾಕ್ಟರಿಗಳ ಊರಿಗೆ ಹೋಗಬೇಕಾಯಿತು. ಇಬ್ಬರಿಗೂ ದುಭಾಷಿ ಬೇಕಿರಲಿಲ್ಲ. ಒಬ್ಬರ ಮಾತು ಇನ್ನೊಬ್ಬರಿಗೆ ಹಾಗೇ ಅರ್ಥವಾಗುವಷ್ಟು ಹತ್ತಿರದ್ದು. ಹೊಸ ತಂಡವಾದರೂ ಡೆಟ್ರಾಯಿಟ್ ಆ ವರ್ಷ 17 ಪಂದ್ಯ ಗೆದ್ದು 13 ಸೋತಿತು. ಹ್ಲೆಡೆ ಮುಂದೆ ಯುಟಾ, ನ್ಯೂಯಾರ್ಕ್ ತಂಡಗಳಿಗೂ ಆಡಿದರು.

ಕ್ರೊವೇಷ್ಯಾದ ಹೆಂಗಸರ ತಂಡ ತನ್ನದೇ ಹೆಸರಲ್ಲಿ ಒಲಿಂಪಿಕ್ಸ್ ಕಂಡದ್ದು 2012ರ ಲಂಡನ್‌ನಲ್ಲಿ. ಹಿಂದಿನ ವರ್ಷ ಯುರೋಪಿಯನ್ ಚಾಂಪಿಯನ್‌ಷಿಪ್‌ನಲ್ಲಿ ಐದನೇ ಸ್ಥಾನ ಬಂದಿತ್ತು, ಅದರ ಬಲದ ಮೇಲೆ ಅರ್ಹತಾ ಪಂದ್ಯ ಆಡಿ ಗೆದ್ದು ಹೋದರು. ಮೊದಲ ಪಂದ್ಯವೇ ಅಮೆರಿಕದ ಜೊತೆ. 81-56ರಿಂದ ಸೋತರು. ಗುಂಪಿನಲ್ಲಿ ಅಂಗೋಲಾ ಮೇಲೆ ಮಾತ್ರ ಗೆದ್ದರು. ಆ ತಂಡದಲ್ಲಿ ಶಿಬೆನಿಕ್‌ನ ಅಂತೋನಿಯಾ ಮಿಶುರಾ ಅಂತ ಒಬ್ಬರಿದ್ದರು. ಹುಟ್ಟಿದ್ದು 1988ರಲ್ಲಿ, ನಾಕಿಚ್ ಬೆಳ್ಳಿ ಗೆದ್ದ ವರ್ಷವೇ. ಪತ್ರಿಕೆಗಳೆಲ್ಲ ಲಂಡನ್‌ನ ಅತಿ ಸುಂದರ ಕ್ರೀಡಾಪಟು ಅಂತ ಫೋಟೋ ಹಾಕಿದ್ದೇ ಹಾಕಿದ್ದು. ಇಪ್ಪತ್ತು ವರ್ಷ ಕಾದು ಒಲಿಂಪಿಕ್ಸ್‌ಗೆ ಬಂದ ತಂಡದ ಆಟದ ಬಗ್ಗೆ ಅದರ ಕಾಲು ಭಾಗವೂ ಬರೆಯಲಿಲ್ಲ. ಹುಡುಕುವಾಗ ನಿಮ್ಮ ಮಗಳಿಗೂ ಇವೇ ಫೋಟೋ ಮೊದಲು ಸಿಗುತ್ತವೆ. ದಾಟಿಕೊಂಡು ಮುಂದೆ ಹೋಗಲಿ.

ನಾಕಿಚ್ ಮುಂದೆ ಡನಿರಾ ಬಿಲಿಚ್ ಎಂಬ ಹೆಸರಿನಲ್ಲಿ ರಾಜಕೀಯಕ್ಕೆ ಬಂದರು. ಕ್ರೊವೇಷ್ಯಾದ ಸಂಸತ್ತಿನ ಸದಸ್ಯೆಯೂ ಆದರು. ಆದ್ದರಿಂದ ಹುಡುಕುವಾಗ ಎರಡೂ ಹೆಸರು ಹಾಕಿ ನೋಡಿ. ಒಂದೇ ಹೆಸರಿನಲ್ಲಿ ಹುಡುಕಿದರೆ ಅರ್ಧ ಬದುಕಷ್ಟೇ ಸಿಗುತ್ತದೆ.

ಚಾರ್ಟ್‌ಗೆ ನನ್ನ ಸಲಹೆ ಇಷ್ಟು. ಹುಟ್ಟಿದ ಊರು: ಶಿಬೆನಿಕ್, ಕ್ರೊವೇಷ್ಯಾ. 1988, 1990, 1991ರ ಬೆಳ್ಳಿಗಳ ಮುಂದೆ ಯುಗೊಸ್ಲಾವಿಯಾ. ಜಾಗ ಉಳಿದರೆ ಸೋಲ್ ತಂಡದ ಹನ್ನೆರಡು ಹೆಸರು ಬರೆದು, ಪ್ರತಿ ಹೆಸರಿನ ಮುಂದೆ ಅವರ ಊರು ಇವತ್ತು ಯಾವ ದೇಶದಲ್ಲಿದೆ ಅಂತ ಬೇರೆ ಬೇರೆ ಬಣ್ಣದ ಸ್ಕೆಚ್ ಪೆನ್ನಲ್ಲಿ ಗುರುತು ಮಾಡಲಿ. ಒಂದು ಪ್ಯಾಕೆಟ್ ಪೆನ್ ತೆಗೆದಿಟ್ಟುಕೊಳ್ಳಿ, ಎರಡು ಮೂರು ಬಣ್ಣ ಸಾಲದು. ಇನ್ನು ಹೆಸರು ಓದುವಾಗ ಕೊನೆಗೆ ಚ್ ಅನ್ನಬೇಕು, ನಾಕಿಕ್ ಅಲ್ಲ. ಟೀಚರ್ ತಪ್ಪು ಅಂದರೆ ನನ್ನ ಹೆಸರು ಹೇಳಲಿ.